ಬಿರುದನ್ನು ಬದುಕಿದ ಗಂಡುಗಲಿ

ಮಲೆನಾಡಿನ ಕೆಲವು ಊರುಗಳ ಗುಡಿಗಳಲ್ಲಿ ಮೂರ್ತಿ ಇರಬೇಕಾದ ಜಾಗದಲ್ಲಿ ಬಣ್ಣ ಬಳಿದ ಮರದ ತಲೆಗಳಿವೆ. ಕುತ್ತಿಗೆಯಿಂದ ಕೆಳಗೆ ಏನೂ ಇಲ್ಲ. ಇವು ಕುಮಾರರಾಮನ ಮತ್ತು ಅವನ ಸಂಗಾತಿಗಳ ತಲೆಗಳೆಂದು ಊರವರು ಪೂಜಿಸುತ್ತಾರೆ. ಸುಮಾರು ಏಳುನೂರು ವರ್ಷಗಳ ಹಿಂದೆ ತುಂಗಭದ್ರೆಯ ದಂಡೆಯಲ್ಲಿ ಆಳುತ್ತಿದ್ದ ಒಬ್ಬ ಸಣ್ಣ ದೊರೆಯ ಮಗ ಈತ. ದೆಹಲಿಯ ಸೈನ್ಯದ ಎದುರು ಸೋತ, ಸತ್ತ. ತಂದೆಯ ರಾಜ್ಯ ಅಳಿದುಹೋಯಿತು. ಆದರೆ ಹುಟ್ಟಿದ ಸೀಮೆಯಿಂದ ಅಷ್ಟು ದೂರದ ಮಳೆಕಾಡಿನ ಹಳ್ಳಿಗಳಲ್ಲೂ ಅವನ ಹೆಸರಿಗೆ ದೀಪ ಹಚ್ಚುವವರಿದ್ದಾರೆ.

ಗೆದ್ದು ಆಳಿದ ರಾಜರು ನಮ್ಮಲ್ಲಿ ಕಡಿಮೆಯೇನಿಲ್ಲ. ಅವರಲ್ಲಿ ಅನೇಕರ ಹೆಸರು ಇಂದು ಪರೀಕ್ಷೆಗೆ ಓದುವ ಮಕ್ಕಳ ಬಾಯಲ್ಲಿ ಮಾತ್ರ ಉಳಿದಿದೆ. ಸೋತ ಈ ಯುವಕನನ್ನು ಜನ ಏಕೆ ಕೈಬಿಡಲಿಲ್ಲ? ನಮ್ಮ ಕಾವ್ಯ ಮತ್ತು ಜನಪದ ‘ವೀರ’ ಎಂದು ಯಾರನ್ನು ಕರೆದವು ಎಂಬುದನ್ನು ತಿಳಿಯಲು ಇದಕ್ಕಿಂತ ಒಳ್ಳೆಯ ಉದಾಹರಣೆ ಕನ್ನಡದಲ್ಲಿ ಸಿಗುವುದು ಕಷ್ಟ.

ಮೊದಲು ಆಸ್ಥಾನದ ವೀರನನ್ನು ನೋಡೋಣ. ಕನ್ನಡದ ಆದಿಕವಿ ಪಂಪ ಕ್ರಿ.ಶ. ೯೪೧ರ ಸುಮಾರಿಗೆ ‘ವಿಕ್ರಮಾರ್ಜುನ ವಿಜಯ’ವನ್ನು ಬರೆದಾಗ ಅದರ ನಾಯಕ ಅರ್ಜುನ ಹೌದು, ಆದರೆ ಬರಿಯ ಅರ್ಜುನನಲ್ಲ. ಆಶ್ರಯದಾತನಾದ ವೇಮುಲವಾಡದ ಚಾಲುಕ್ಯ ಅರಿಕೇಸರಿಯೇ ಆ ಅರ್ಜುನ. ಹಾಗಾಗಿ ದ್ರೌಪದಿ ಐವರ ಮಡದಿಯಾಗದೆ ಅರ್ಜುನನೊಬ್ಬನ ಮಡದಿಯಾದಳು. ಕೊನೆಯಲ್ಲಿ ಪಟ್ಟಾಭಿಷೇಕವೂ ಧರ್ಮರಾಯನಿಗೆ ಆಗದೆ ಅರ್ಜುನ-ಸುಭದ್ರೆಯರಿಗೆ ಆಯಿತು. ಇನ್ನೊಬ್ಬ ಮಹಾಕವಿ ರನ್ನ ತನ್ನ ದೊರೆ ಸತ್ಯಾಶ್ರಯನನ್ನು ಭೀಮನಲ್ಲಿ ಕಂಡು ‘ಸಾಹಸಭೀಮ ವಿಜಯ’ ಬರೆದ. ಈ ಕಾವ್ಯಗಳ ಹಿರಿಮೆಯನ್ನು ಯಾರೂ ಪ್ರಶ್ನಿಸುವಂತಿಲ್ಲ. ಪಂಪನ ಕರ್ಣ, ರನ್ನನ ದುರ್ಯೋಧನ ಕವಿಗಳ ಮನಸ್ಸು ಸೋತವರ ಕಡೆಗೂ ವಾಲುತ್ತಿತ್ತೆಂಬುದಕ್ಕೆ ಸಾಕ್ಷಿ. ಆದರೆ ಕಾವ್ಯದ ಚೌಕಟ್ಟು ಒಂದು: ವೀರನೆಂದರೆ ಗೆಲ್ಲುವವನು, ಆಳುವವನು, ಕವಿಗೆ ಅಗ್ರಹಾರ ಕೊಡಬಲ್ಲವನು.

ಕುಮಾರರಾಮನ ಕಥೆ ಈ ಚೌಕಟ್ಟಿಗೆ ಸಲ್ಲದು. ಅದನ್ನು ಹಾಡಿಸಿಕೊಳ್ಳಲು ಅವನ ಕಡೆಯ ರಾಜರು ಯಾರೂ ಉಳಿದಿರಲಿಲ್ಲ.

ಕಂಪಿಲಿಯ ಪುಟ್ಟ ರಾಜ್ಯ

ಇಂದಿನ ಬಳ್ಳಾರಿ ಜಿಲ್ಲೆಯ ಕಂಪ್ಲಿ ತುಂಗಭದ್ರೆಯ ದಡದ ಊರು. ದೇವಗಿರಿಯ ಸೇವುಣರ ಕೈಕೆಳಗೆ ಈ ಸೀಮೆಯಲ್ಲಿ ಅಧಿಕಾರ ನಡೆಸುತ್ತಿದ್ದವನು ಮುಮ್ಮಡಿ ಸಿಂಗ. ಅವನ ಮಗ ಕಂಪಿಲರಾಯ. ೧೨೯೬ರಲ್ಲಿ ಅಲಾವುದ್ದೀನ್ ಖಿಲ್ಜಿ ದೇವಗಿರಿಯ ಮೇಲೆ ಬಿದ್ದ ಮೇಲೆ ಸೇವುಣರ ಬಲ ಕುಂದುತ್ತಾ ಬಂದು, ೧೩೧೮ರ ಹೊತ್ತಿಗೆ ಆ ರಾಜ್ಯ ದೆಹಲಿಯ ವಶವಾಯಿತು. ಅತ್ತ ಹೊಯ್ಸಳರು ೧೩೧೧ರ ಮಲಿಕ್ ಕಾಫರನ ದಾಳಿಯಿಂದ ಇನ್ನೂ ಚೇತರಿಸಿಕೊಳ್ಳುತ್ತಿದ್ದರು. ಹೀಗೆ ದೊಡ್ಡವರು ಜಾರಿದ ಜಾಗದಲ್ಲಿ ಕಂಪಿಲ ಸ್ವತಂತ್ರನಾದ. ಸೊಂಡೂರು ಬೆಟ್ಟಗಳ ಹೊಸಮಲೆದುರ್ಗ, ಇಂದಿನ ಕೊಪ್ಪಳ ಜಿಲ್ಲೆಯ ಕುಮ್ಮಟದುರ್ಗ, ಆನೆಗೊಂದಿಯ ಸುತ್ತಲಿನ ಬಂಡೆಗಳು ಅವನ ಬಲ. ಕಲ್ಲುಗುಂಡುಗಳ ನಡುವೆ ಕೋಟೆ ಕಟ್ಟಿಕೊಂಡ ಈ ರಾಜ್ಯ ಭೂಪಟದಲ್ಲಿ ಬೆರಳಿನಿಂದ ಮುಚ್ಚಬಹುದಾದಷ್ಟು ಸಣ್ಣದು. ಉತ್ತರದಲ್ಲಿ ದೆಹಲಿಯ ಸುಲ್ತಾನ, ದಕ್ಷಿಣದಲ್ಲಿ ಹೊಯ್ಸಳ ಮೂರನೆಯ ಬಲ್ಲಾಳ, ಪೂರ್ವದಲ್ಲಿ ಓರುಗಲ್ಲಿನ ಪ್ರತಾಪರುದ್ರ. ಯಾರೊಂದಿಗೂ ಪೂರ್ತಿ ಸ್ನೇಹವಿಲ್ಲದ ಬಾಳು.

ಈ ರಾಜ್ಯವನ್ನು ಮುಗಿಸಿದ ಯುದ್ಧ ಹುಟ್ಟಿದ್ದು ಸುಲ್ತಾನನ ಮನೆಯೊಳಗಿನ ಜಗಳದಿಂದ ಎಂಬುದು ಗಮನಿಸಬೇಕಾದ ಸಂಗತಿ. ಮಹಮ್ಮದ್ ಬಿನ್ ತುಘಲಕ್ ೧೩೨೫ರಲ್ಲಿ ಪಟ್ಟಕ್ಕೆ ಬಂದ. ಅವನ ಸೋದರತ್ತೆಯ ಮಗ ಬಹಾವುದ್ದೀನ್ ಗುರ್ಷಾಸ್ಪ್ ಇಂದಿನ ಯಾದಗಿರಿ ಜಿಲ್ಲೆಯ ಸಗರದಲ್ಲಿ ಅಧಿಕಾರಿಯಾಗಿದ್ದ. ಹೊಸ ಸುಲ್ತಾನನನ್ನು ಒಪ್ಪದೆ ದಂಗೆ ಎದ್ದ, ಸೋತ, ಹೆಂಡತಿ ಮಕ್ಕಳನ್ನು ಕಟ್ಟಿಕೊಂಡು ಓಡಿಬಂದು ಕಂಪಿಲರಾಯನ ಆಶ್ರಯ ಬೇಡಿದ. ಕಂಪಿಲ ಒಳಗೆ ಕರೆದುಕೊಂಡ. ಒಪ್ಪಿಸೆಂದು ಬಂದ ಒತ್ತಾಯಕ್ಕೆ ಮಣಿಯಲಿಲ್ಲ. ದೆಹಲಿಯ ಸೈನ್ಯ ಬಂತು. ಪರ್ಷಿಯನ್ ಇತಿಹಾಸಕಾರ ಫೆರಿಷ್ತಾನ ಪ್ರಕಾರ ಮೊದಲೆರಡು ಬಾರಿ ಆ ಸೈನ್ಯವೇ ಸೋತಿತು. ಮತ್ತೆ ದೊಡ್ಡ ಬಲ ಕೂಡಿಸಿಕೊಂಡು ಬಂದಾಗ, ೧೩೨೭ರ ಸುಮಾರಿಗೆ, ಕಂಪಿಲಿ ಬಿತ್ತು.

ಅಂತ್ಯ ಹೇಗಿತ್ತೆಂಬುದನ್ನು ಮೊರಾಕ್ಕೊದ ಪ್ರವಾಸಿ ಇಬ್ನ್ ಬತೂತ ಬರೆದಿದ್ದಾನೆ. ಅವನು ದೆಹಲಿಗೆ ಬಂದದ್ದು ೧೩೩೪ರಲ್ಲಿ, ಅಂದರೆ ಘಟನೆ ನಡೆದು ಏಳು ವರ್ಷವಾದ ಮೇಲೆ. ಸುಲ್ತಾನನ ಸಂಬಳ ಪಡೆದ ಕಾಜಿಯಾಗಿದ್ದವನು ಆತ. ಕಂಪಿಲನನ್ನು ಹೊಗಳುವ ದರ್ದು ಅವನಿಗಿರಲಿಲ್ಲ. ಅವನು ಹೇಳುವುದು ಇಷ್ಟು: ಕೋಟೆಯೊಳಗೆ ದವಸ ಮುಗಿಯಿತು. ಕಂಪಿಲ ತನ್ನ ಅತಿಥಿಯನ್ನು ಕರೆದು, ನಾನು ಕುಟುಂಬದೊಂದಿಗೆ ಸಾಯಲು ನಿಶ್ಚಯಿಸಿದ್ದೇನೆ, ನೀನು ಇನ್ನೊಬ್ಬ ರಾಜನ ಬಳಿಗೆ ಹೋಗು ಎಂದು ಬೆಂಗಾವಲು ಕೊಟ್ಟು ಕಳುಹಿಸಿದ. ಆಮೇಲೆ ದೊಡ್ಡ ಬೆಂಕಿ ಹೊತ್ತಿಸಿ ಸಂಪತ್ತನ್ನೆಲ್ಲ ಅದಕ್ಕೆ ಹಾಕಿಸಿದ. ಅರಮನೆಯ ಹೆಂಗಸರು ಮಿಂದು, ಗಂಧ ಪೂಸಿಕೊಂಡು, ಅವನ ಮುಂದೆ ನೆಲ ಮುಟ್ಟಿ ನಮಸ್ಕರಿಸಿ ಒಬ್ಬೊಬ್ಬರಾಗಿ ಬೆಂಕಿಗೆ ಬಿದ್ದರು. ಮಂತ್ರಿಗಳ, ಅಧಿಕಾರಿಗಳ ಹೆಂಡಂದಿರೂ ಹಾಗೆಯೇ ಮಾಡಿದರು. ಬಳಿಕ ರಾಯನೂ ಮಿಂದು ಗಂಧ ಹಚ್ಚಿಕೊಂಡು, ಕವಚ ತೊಡದೆ ಆಯುಧ ಹಿಡಿದು, ಜೊತೆಗೆ ಸಾಯಲು ಬಂದವರೊಂದಿಗೆ ಕೋಟೆಯಿಂದ ಹೊರಬಿದ್ದ. ಎಲ್ಲರೂ ಸತ್ತರು.

ಬಹಾವುದ್ದೀನ್ ಹೋದದ್ದು ಹೊಯ್ಸಳ ಬಲ್ಲಾಳನ ಬಳಿಗೆ. ಬಲ್ಲಾಳ ಅವನನ್ನು ಹಿಡಿದು ದೆಹಲಿಯ ಸೈನ್ಯಕ್ಕೆ ಒಪ್ಪಿಸಿದ. ಸುಲ್ತಾನ ತನ್ನ ಸೋದರಬಂಧುವಿನ ಚರ್ಮ ಸುಲಿಸಿದ. ಬಲ್ಲಾಳನನ್ನು ಹೇಡಿಯೆಂದು ಕರೆಯುವುದು ಅನ್ಯಾಯವಾದೀತು. ಕಂಪಿಲಿಯ ಹೊಗೆ ಇನ್ನೂ ಆರದಿದ್ದಾಗ ತನ್ನ ಪ್ರಜೆಗಳನ್ನು ಉಳಿಸಿಕೊಳ್ಳಲು ಯಾವ ದೊರೆಯಾದರೂ ಮಾಡಬಹುದಾದ ಲೆಕ್ಕವನ್ನೇ ಆತ ಮಾಡಿದ. ಮುಂದೆ ಇಳಿವಯಸ್ಸಿನಲ್ಲಿ ಮಧುರೆಯ ಸುಲ್ತಾನನೊಂದಿಗೆ ಹೋರಾಡುತ್ತಲೇ ಸೆರೆಸಿಕ್ಕಿ ಕೊಲೆಯಾದ. ಅವನ ಚರ್ಮಕ್ಕೂ ಹುಲ್ಲು ತುಂಬಿ ಮಧುರೆಯ ಗೋಡೆಗೆ ನೇತುಹಾಕಿದ್ದನ್ನು ಇದೇ ಇಬ್ನ್ ಬತೂತ ಕಂಡ. ರಾಜ್ಯ ವಿಸ್ತಾರ, ಆಳಿಕೆಯ ಕಾಲ, ಸಾವು, ಯಾವುದನ್ನು ತೂಗಿದರೂ ಬಲ್ಲಾಳ ಕಂಪಿಲನಿಗಿಂತ ದೊಡ್ಡವನೇ. ಆದರೆ ಕಂಪಿಲನ ಮನೆಗೆ ಸಂದಷ್ಟು ಹಾಡು ಅವನಿಗೆ ಸಲ್ಲಲಿಲ್ಲ.

ಹಾಡಿನಲ್ಲಿ ರಾಮ

ಇಬ್ನ್ ಬತೂತನ ಬರಹದಲ್ಲಿ ಕುಮಾರರಾಮನ ಹೆಸರಿಲ್ಲ. ಅವನ ಹೆಸರು ದೊರೆಯುವುದು ನಮ್ಮ ಕಡೆಯ ಆಕರಗಳಲ್ಲಿ. ಹಾವೇರಿ ತಾಲ್ಲೂಕಿನ ಸಂಗೂರಿನ ೧೪೧೧ರ ಶಾಸನ ಮುಮ್ಮಡಿ ಸಿಂಗ, ಕಂಪಿಲ, ರಾಮನಾಥ ಎಂದು ವಂಶವನ್ನು ಹೇಳುತ್ತದೆ. ಅದಾದ ಮೇಲೆ ನೂರು ವರ್ಷ ಕಳೆದು, ೧೫೨೫ರ ಸುಮಾರಿನಲ್ಲಿ ನಂಜುಂಡ ಕವಿ ‘ಕುಮಾರರಾಮನ ಸಾಂಗತ್ಯ’ ಬರೆದ. ೧೭ನೇ ಶತಮಾನದಲ್ಲಿ ಪಾಂಚಾಳ ಗಂಗ ‘ಚೆನ್ನರಾಮನ ಸಾಂಗತ್ಯ’ವನ್ನು ರಚಿಸಿದ. ಸಾಂಗತ್ಯವೆಂದರೆ ಓದುವುದಕ್ಕಿಂತ ಹಾಡುವುದಕ್ಕೆ ಒದಗುವ ಮಟ್ಟು. ಪಂಡಿತರಲ್ಲದವರೂ ಕೂತು ಕೇಳುವಂಥದ್ದು. ಇವುಗಳ ಹಿಂದೆಯೂ ಮುಂದೆಯೂ ಹಾಡುಗಾರರ ಬಾಯಲ್ಲಿ ಕಥೆ ನಡೆದೇ ಇತ್ತು. ಕುಮಾರರಾಮನ ದುಂದುಮೆಯ ಹಾಡುಗಳು ಆ ಬಾಯಿಮಾತಿನ ಕವಲು.

ಕಥೆಯ ಹಂದರ ಹೀಗಿದೆ. ಕಂಪಿಲರಾಯನ ಹಿರಿಯ ರಾಣಿ ಹರಿಯಲದೇವಿಯ ಮಗ ರಾಮ. ಹುಡುಗನಾಗಿದ್ದಾಗಲೇ ಓರುಗಲ್ಲಿಗೆ ಹೋಗಿ ಅಲ್ಲಿನ ದೊರೆಗೆ ತನ್ನ ಕೈ ತೋರಿಸಿ ಬಂದವನು. ಕಾಟಣ್ಣ ಮೊದಲಾದ ಸಂಗಾತಿಗಳು ಅವನ ನೆರಳು. ಮುದಿತನದಲ್ಲಿ ಕಂಪಿಲ ರತ್ನಾಜಿಯೆಂಬ ಚೆಲುವೆಯನ್ನು ತಂದುಕೊಂಡಿದ್ದಾನೆ. ಒಂದು ದಿನ ಚೆಂಡಾಟ ನಡೆದಿದೆ. ಚೆಂಡು ಹಾರಿ ರತ್ನಾಜಿಯ ಅರಮನೆಯೊಳಗೆ ಬೀಳುತ್ತದೆ. ಕಾಟಣ್ಣ ಬೇಡವೆಂದರೂ ಕೇಳದೆ ರಾಮ ತರಲು ಹೋಗುತ್ತಾನೆ. ಮಲತಾಯಿ ಅವನನ್ನು ಬಯಸುತ್ತಾಳೆ. ಅವನು ತಾಯಿ ಎಂದು ಕೈಮುಗಿದು ಬಿಡಿಸಿಕೊಳ್ಳುತ್ತಾನೆ. ಅವಮಾನಗೊಂಡ ಆಕೆ, ಮಗನೇ ತನ್ನ ಮೇಲೆ ಕೈಮಾಡಿದನೆಂದು ಗಂಡನಲ್ಲಿ ದೂರುತ್ತಾಳೆ. ವಿಚಾರಿಸುವ ಸಹನೆ ಕಂಪಿಲನಿಗಿಲ್ಲ. ತಲೆ ಕಡಿದು ತರಲು ಮಂತ್ರಿ ಬೈಚಪ್ಪನಿಗೆ ಆಜ್ಞೆ ಮಾಡುತ್ತಾನೆ. ಬೈಚಪ್ಪ ರಾಮನನ್ನೂ ಸಂಗಾತಿಗಳನ್ನೂ ನೆಲಮಾಳಿಗೆಯಲ್ಲಿ ಬಚ್ಚಿಟ್ಟು, ಅವರನ್ನು ಹೋಲುವ ಬೇರೆ ತಲೆಗಳನ್ನು ತೋರಿಸುತ್ತಾನೆ.

ಇಲ್ಲಿಂದ ಕಥೆಗೆ ವೇಗ ಬರುತ್ತದೆ. ರಾಮ ಸತ್ತನೆಂಬ ಸುದ್ದಿ ತಿಳಿದು ದೆಹಲಿಯ ಸೈನ್ಯ ಏರಿ ಬರುತ್ತದೆ. ಮಗನಿದ್ದಿದ್ದರೆ ಎಂದು ಕಂಪಿಲ ಮರುಗುವಾಗ ಬೈಚಪ್ಪ ನೆಲಮಾಳಿಗೆಯ ಬಾಗಿಲು ತೆರೆಯುತ್ತಾನೆ. ರಾಮ ಹೊರಬಂದು ಹಗೆಯನ್ನು ಓಡಿಸುತ್ತಾನೆ. ಸತ್ಯ ಬಯಲಾಗಿ ರತ್ನಾಜಿ ಸಾಯುತ್ತಾಳೆ. ಆದರೆ ದಾಳಿ ಮತ್ತೆ ಬರುತ್ತದೆ, ಮತ್ತೂ ಬರುತ್ತದೆ. ಫೆರಿಷ್ತಾ ಹೇಳುವ ಎರಡು ಸೋಲು, ಮೂರನೆಯ ಗೆಲುವು ಹಾಡಿನ ನೆನಪಿನಲ್ಲಿಯೂ ಹೀಗೆ ಮಸುಕಾಗಿ ಉಳಿದಂತಿದೆ. ಓಡಿಬಂದ ಖಾನನೊಬ್ಬನಿಗೆ ಆಶ್ರಯ ಕೊಟ್ಟ ಪ್ರಸಂಗವೂ ಕಥೆಯಿಂದ ಅಳಿದಿಲ್ಲ. ಅದರ ಮೇಲೆ ಸುಲ್ತಾನನ ಮಗಳು ಬಾಬಮ್ಮ ರಾಮನಿಗೆ ಮನಸೋತ ಕಥೆಯನ್ನು ಹಾಡುಗಾರರು ಹೆಣೆದರು. ಆಶ್ರಿತನಿಗಾಗಿ ಯುದ್ಧವೆಂದರೆ ಕೇಳುವವರು ತಲೆದೂಗುತ್ತಾರೆ. ಪ್ರೇಮವೂ ಸೇರಿದರೆ ರಾತ್ರಿಯಿಡೀ ಏಳದೆ ಕೂರುತ್ತಾರೆ!

ಕೊನೆಯ ಯುದ್ಧದಲ್ಲಿ ದೆಹಲಿಯ ಕಡೆಯಿಂದ ಮಾತಂಗಿ ಎಂಬ ವೀರವನಿತೆ ಬರುತ್ತಾಳೆ. ಹೆಣ್ಣಿನ ಮೇಲೆ ಕೈ ಎತ್ತುವುದಿಲ್ಲ ಎಂಬುದು ರಾಮನ ವ್ರತ. ಗಂಡಸರ ಯಾವ ದಂಡಿಗೂ ಬಗ್ಗದವನು ಆಕೆಯ ಕೈಯಲ್ಲಿ ತಲೆ ಕಳೆದುಕೊಳ್ಳುತ್ತಾನೆ. ತಲೆ ದೆಹಲಿಗೆ ಹೋಗುತ್ತದೆ.

ಮಲತಾಯಿಯ ಕಥೆ ಎಲ್ಲಿಂದ ಬಂತು?

ರತ್ನಾಜಿಯ ಪ್ರಸಂಗವನ್ನು ಇತಿಹಾಸವೆಂದು ನಂಬುವುದು ಕಷ್ಟ. ಮಗನನ್ನು ಮೋಹಿಸಿ, ಒಲ್ಲೆನೆಂದಾಗ ದೂರು ಹೇಳುವ ಮಲತಾಯಿ ಲೋಕದ ಅನೇಕ ಕಡೆ ಇದ್ದಾಳೆ. ಅಶೋಕನ ಮಗ ಕುಣಾಲನ ಕಣ್ಣು ಕೀಳಿಸಿದ ತಿಷ್ಯರಕ್ಷಿತೆ ಇವಳ ಅಕ್ಕ. ತೆಲುಗರ ಸಾರಂಗಧರನ ಕಥೆಯಲ್ಲಿ ಕೈಕಾಲು ಕಡಿಸಿದ ಚಿತ್ರಾಂಗಿ ಇವಳ ತಂಗಿ. ಅಲ್ಲಿ ಚೆಂಡಿನ ಬದಲು ಪಾರಿವಾಳ ಹಾರಿ ರಾಣಿಯ ಮಹಡಿಗೆ ಹೋಗುತ್ತದೆ, ಅಷ್ಟೇ ವ್ಯತ್ಯಾಸ. ಗ್ರೀಕರ ಫೀಡ್ರಾ-ಹಿಪ್ಪೊಲಿಟಸ್ ಕಥೆಯೂ ಇದೇ ಜಾಡಿನದು. ಜನಪದದಲ್ಲಿ ತೇಲಾಡುತ್ತಿದ್ದ ಒಂದು ಹಳೆಯ ಕಥೆ ಕಂಪಿಲಿಯ ರಾಜಕುಮಾರನಿಗೆ ಬಂದು ಅಂಟಿಕೊಂಡಿತೆಂದೇ ಹೇಳಬೇಕು.

ಆದರೆ ಅದು ಸುಳ್ಳೆಂದು ತಳ್ಳಿಹಾಕಿದರೆ ಮುಖ್ಯವಾದುದೇ ಕೈತಪ್ಪುತ್ತದೆ. ನಾಡಿನ ಎಷ್ಟೋ ರಾಜಕುಮಾರರು ಇದ್ದರಲ್ಲ, ಈ ಕಥೆ ಇವನನ್ನೇ ಏಕೆ ಹುಡುಕಿಕೊಂಡು ಬಂತು?

ಉತ್ತರದ ಸುಳಿವು ಬಿರುದುಗಳಲ್ಲಿದೆ. ಕುಮಾರರಾಮನನ್ನು ಜನ ಗುರುತಿಸುವುದು ‘ಪರನಾರೀ ಸಹೋದರ’ ಎಂದು. ಪರರ ಹೆಣ್ಣುಮಕ್ಕಳನ್ನು ಒಡಹುಟ್ಟಿದವರಂತೆ ಕಾಣುವವನು ಎಂದರ್ಥ. ಈ ಬಿರುದು ಅವನೊಬ್ಬನದಲ್ಲ. ನಮ್ಮ ಶಾಸನಗಳನ್ನು ತಿರುವಿದವರಿಗೆ ಇದು ಚೆನ್ನಾಗಿ ಗೊತ್ತು. ಊರು ಹತ್ತಾಳುವ ಸಾಮಂತನಿಂದ ಹಿಡಿದು ದೊಡ್ಡ ಮಂಡಲೇಶ್ವರನವರೆಗೆ ಅನೇಕರ ಬಿರುದಾವಳಿಯಲ್ಲಿ ‘ಪರನಾರೀ ಸಹೋದರ’, ‘ಪರಾಂಗನಾ ಪುತ್ರ’ ಬರುತ್ತವೆ. ಅವುಗಳ ಪಕ್ಕದಲ್ಲೇ ‘ಶರಣಾಗತ ವಜ್ರಪಂಜರ’. ಮೊರೆಹೊಕ್ಕವರಿಗೆ ವಜ್ರದ ಗೂಡಿನಂಥವನು ಎಂದು ಅದರ ಅರ್ಥ. ಇಂದಿನ ಸನ್ಮಾನಪತ್ರಗಳಲ್ಲಿ ‘ಸರಳ ಸಜ್ಜನಿಕೆಯ’ ಎಂಬ ಮಾತು ಹೇಗೆ ತಾನಾಗಿ ಬಂದು ಕೂರುತ್ತದೋ ಹಾಗೆ ಶಾಸನ ಬರೆಯುವವರ ಕೈಗೆ ಇವು ಬಂದು ಕೂರುತ್ತಿದ್ದವು. ಕೆತ್ತುವವನಿಗೂ ಕೆತ್ತಿಸಿದವನಿಗೂ ಓದುವವನಿಗೂ ಅದು ಬರಿಯ ಮಾತೆಂದು ಗೊತ್ತು.

ಕಂಪಿಲಿಯ ಮನೆಯಲ್ಲಿ ಅವೆರಡೂ ಬರಿಯ ಮಾತಾಗಿ ಉಳಿಯಲಿಲ್ಲ. ತಂದೆ ಶರಣಾಗತನನ್ನು ಒಪ್ಪಿಸದೆ ಸತ್ತ. ಇದಕ್ಕೆ ಎದುರುಪಕ್ಷದ ಆಸ್ಥಾನದಲ್ಲಿದ್ದವನ ಲಿಖಿತ ಸಾಕ್ಷಿಯೇ ಇದೆ. ಅಪ್ಪ ಒಂದು ಬಿರುದನ್ನು ಅಕ್ಷರಶಃ ನಡೆಸಿ ತೋರಿಸಿದ್ದನ್ನು ಕಂಡ ಅಥವಾ ಕೇಳಿದ ಜನ, ಮಗನ ಪಾಲಿಗೆ ಪಕ್ಕದ ಬಿರುದನ್ನು ಕೊಟ್ಟರು. ಆ ಬಿರುದು ನಿಜವಾಗಬೇಕಾದರೆ ಅದಕ್ಕೆ ಪರೀಕ್ಷೆ ಬೇಕು. ಪರೀಕ್ಷೆ ರಣರಂಗದಲ್ಲಿ ನಡೆಯುವಂಥದ್ದಲ್ಲ, ಅರಮನೆಯ ಒಳಕೋಣೆಯಲ್ಲಿ ನಡೆಯಬೇಕಾದದ್ದು. ಮಲತಾಯಿಯ ಹಳೆಯ ಕಥೆ ಸರಿಯಾಗಿ ಆ ಜಾಗಕ್ಕೆ ಒದಗಿ ಬಂತು. ಮಾತಂಗಿಯ ಪ್ರಸಂಗ ಅದರ ಇನ್ನೊಂದು ತುದಿ. ಒಳಕೋಣೆಯಲ್ಲಿ ಹೆಣ್ಣನ್ನು ಮುಟ್ಟದವನು ರಣದಲ್ಲೂ ಮುಟ್ಟಲಾರ. ಮೊದಲ ಸಲ ಆ ವ್ರತಕ್ಕೆ ಅವನು ತೆತ್ತದ್ದು ತಂದೆಯ ಪ್ರೀತಿ, ಎರಡನೆಯ ಸಲ ಪ್ರಾಣ. ತೋಳ್ಬಲ ಕಡಿಮೆಯಾಗಿ ಸೋತನೆಂದು ಹಾಡು ಹೇಳುವುದಿಲ್ಲ. ಬಿರುದು ಬಿಡಲಿಲ್ಲವಾದ್ದರಿಂದ ಸೋತ ಎನ್ನುತ್ತದೆ. ಪುರಾಣದ ಭೀಷ್ಮ ಶಿಖಂಡಿಯ ಎದುರು ಬಿಲ್ಲು ಇಳಿಸಿದ್ದು ಕೇಳುವವರ ಮನಸ್ಸಿನಲ್ಲಿ ಇದ್ದೇ ಇತ್ತು.

ಈ ಅಳತೆಗೋಲು ಹಾಡುಗಾರರು ಏಕಾಏಕಿ ಕಂಡುಹಿಡಿದದ್ದಲ್ಲ. ಕನ್ನಡ ನಾಡಿನ ಊರೂರ ಬಾಗಿಲಲ್ಲಿ, ಕೆರೆ ಏರಿಯ ಮೇಲೆ ನಿಂತ ವೀರಗಲ್ಲುಗಳನ್ನು ನೋಡಿದರೆ ಇದು ತಿಳಿಯುತ್ತದೆ. ಕೆಳಗಿನ ಪಟ್ಟಿಕೆಯಲ್ಲಿ ಕಾದಾಟ, ನಡುವೆ ವೀರನನ್ನು ಎತ್ತಿಕೊಂಡು ಹೋಗುವ ಅಪ್ಸರೆಯರು, ಮೇಲೆ ಲಿಂಗದ ಅಥವಾ ಜಿನನ ಸನ್ನಿಧಿ. ಈ ಕಲ್ಲುಗಳು ರಾಜ್ಯ ಗೆದ್ದವರಿಗೆ ನಿಲ್ಲಿಸಿದವಲ್ಲ, ಸತ್ತವರಿಗೆ ನಿಲ್ಲಿಸಿದವು. ತುರುಗೊಳ್ ಎಂದರೆ ಊರ ದನ ಹೊಡೆದುಕೊಂಡು ಹೋಗುವವರ ಎದುರಿನ ಹೋರಾಟ. ಊರಳಿವು ಎಂದರೆ ಊರು ಹಾಳಾಗುವಾಗಿನ ಹೋರಾಟ. ಪೆಣ್ಬುಯ್ಯಲ್ ಎಂದರೆ ಹೆಣ್ಣುಮಕ್ಕಳ ಮೊರೆ ಕೇಳಿ ನುಗ್ಗಿದವರ ಹೋರಾಟ. ಗೆದ್ದನೋ ಸೋತನೋ ಎನ್ನುವುದಕ್ಕಿಂತ ಯಾವುದಕ್ಕಾಗಿ ಸತ್ತ ಎನ್ನುವುದನ್ನೇ ಈ ಕಲ್ಲುಗಳು ಎತ್ತಿ ಹೇಳುತ್ತವೆ. ಹತ್ತನೆಯ ಶತಮಾನದ ಆತಕೂರಿನ ಕಲ್ಲಂತೂ ಕಾಡುಹಂದಿಯೊಂದಿಗೆ ಕಾದಿ ಸತ್ತ ಕಾಳಿ ಎಂಬ ನಾಯಿಯ ನೆನಪಿನದು! ಕುಮಾರರಾಮನ ಸಾಂಗತ್ಯವನ್ನು ಉದ್ದಕ್ಕೆ ಎಳೆದ ವೀರಗಲ್ಲೆಂದು ನೋಡಿದರೆ ಅದರ ಅನೇಕ ವಿವರಗಳು ಸಲೀಸಾಗಿ ಅರ್ಥವಾಗುತ್ತವೆ.

ನಂತರದ ಲಾವಣಿಗಳ ನಾಯಕರೂ ಇದೇ ಸಾಲಿನವರು. ತುಳುನಾಡಿನ ಪಾಡ್ದನಗಳ ಕೋಟಿ-ಚೆನ್ನಯರು ಯುದ್ಧದಲ್ಲಿ ಮಡಿದವರು. ಸಂಗೊಳ್ಳಿ ರಾಯಣ್ಣ ೧೮೩೧ರಲ್ಲಿ ನಂದಗಡದಲ್ಲಿ ಗಲ್ಲಿಗೇರಿದವನು. ೧೮೫೭ರ ಹಲಗಲಿಯ ಬೇಡರು ಊರು ಸುಟ್ಟು ಹಾಳಾದದ್ದನ್ನು ಕಂಡವರು.

ತಲೆಯ ಕಡೆಗೆ

ಮರದ ತಲೆಗಳ ಹಿನ್ನೆಲೆಯೂ ಕಥೆಯೊಳಗೇ ಇದೆ. ಎರಡು ಸಲ ಅವನ ತಲೆ ಉರುಳುತ್ತದೆ. ಒಮ್ಮೆ ತಂದೆಯ ಆಜ್ಞೆಯಿಂದ, ಅದು ಸುಳ್ಳು ತಲೆ. ಇನ್ನೊಮ್ಮೆ ಹಗೆಯ ಕೈಯಲ್ಲಿ, ಅದು ನಿಜದ್ದು. ಒಮ್ಮೆ ಸತ್ತನೆಂದು ಊರೇ ಅತ್ತ ಮೇಲೆ ಬದುಕಿ ಬಂದವನು ಎರಡನೆಯ ಸಲ ನಿಜವಾಗಿ ಸತ್ತನೆಂದರೆ ನಂಬುವುದು ಹೇಗೆ? ಸತ್ತವನ ಶವ ಕಾಣದ, ತಲೆ ದೂರದೇಶಕ್ಕೆ ಹೋದ ಊರಿನಲ್ಲಿ ಜನ ತಮ್ಮ ಕೈಯಿಂದಲೇ ತಲೆ ಮಾಡಿ ಇಟ್ಟುಕೊಂಡದ್ದು ವಿಚಿತ್ರವೇನಲ್ಲ.

ಕಂಪಿಲಿ ಬಿದ್ದು ಹತ್ತು ವರ್ಷವೂ ಆಗುವ ಮೊದಲು, ೧೩೩೬ರಲ್ಲಿ, ಅದೇ ಬಂಡೆಗಳ ನಡುವೆ ವಿಜಯನಗರ ತಲೆ ಎತ್ತಿತೆಂಬುದು ರೂಢಿಯ ಮಾತು. ಹರಿಹರ-ಬುಕ್ಕರು ಕಂಪಿಲಿಯ ಆಸ್ಥಾನದಲ್ಲಿದ್ದವರೇ, ಬೇರೆಡೆಯವರೇ ಎಂಬ ಚರ್ಚೆ ವಿದ್ವಾಂಸರಲ್ಲಿ ಇನ್ನೂ ಮುಗಿದಿಲ್ಲ. ಎನ್. ವೆಂಕಟರಮಣಯ್ಯನವರು ೧೯೨೯ರಲ್ಲಿ ಕಂಪಿಲಿ ಮತ್ತು ವಿಜಯನಗರದ ಸಂಬಂಧದ ಮೇಲೆ ಪುಸ್ತಕವನ್ನೇ ಬರೆದರು. ಕಂಪಿಲರಾಯನ ಕುಲ ಯಾವುದೆಂಬ ವಾದವೂ ಜೋರಾಗಿಯೇ ನಡೆದಿದೆ. ಒಂದಕ್ಕಿಂತ ಹೆಚ್ಚು ಸಮುದಾಯಗಳು ಅವನನ್ನು ತಮ್ಮವನೆನ್ನುತ್ತವೆ. ೨೦೦೬ರಲ್ಲಿ ಶಿವರಾಜ್‌ಕುಮಾರ್ ನಾಯಕರಾಗಿ ‘ಗಂಡುಗಲಿ ಕುಮಾರರಾಮ’ ಚಿತ್ರವೂ ಬಂತು. ಒಟ್ಟಿನಲ್ಲಿ ಹಾಡು ನಿಂತಿಲ್ಲ.

ಹಾಡಿದವರು ಬದಲಾದಂತೆ ಕಥೆಯ ಬಣ್ಣವೂ ಬದಲಾಗುತ್ತದೆ. ಇತ್ತೀಚೆಗೆ ಇದನ್ನು ಎರಡು ಧರ್ಮಗಳ ಯುದ್ಧವೆಂದಷ್ಟೇ ಹೇಳುವ ಒಲವು ಕಾಣುತ್ತದೆ. ದೆಹಲಿಯ ಸೈನ್ಯ ಊರು ಸುಟ್ಟದ್ದು, ಕೊಂದದ್ದು ಸುಳ್ಳಲ್ಲ. ಆದರೆ ಕಂಪಿಲ ತನ್ನ ರಾಜ್ಯವನ್ನೂ ಮನೆಯನ್ನೂ ಬೆಂಕಿಗೆ ಹಾಕಿದ್ದು ಒಬ್ಬ ತುಘಲಕನ ಬಂಧುವಿನ ಪ್ರಾಣಕ್ಕಾಗಿ ಎಂಬುದನ್ನು ಬಿಟ್ಟು ಈ ಕಥೆ ಹೇಳಲು ಬಾರದು. ಆ ಅತಿಥಿಯನ್ನು ತೆಗೆದರೆ ಉಳಿಯುವುದು ಇನ್ನೊಂದು ಕೋಟೆಯ ಇನ್ನೊಂದು ಮುತ್ತಿಗೆ.

ಕಥೆಗೆ ಒಂದು ಕೊರತೆಯೂ ಇದೆ, ಅದನ್ನು ಮುಚ್ಚಿಡಬೇಕಾಗಿಲ್ಲ. ‘ಪರನಾರೀ ಸಹೋದರ’ನ ಹಾಡಿನಲ್ಲಿ ಪರನಾರಿಯರಿಗೆ ಸಿಕ್ಕ ಪಾತ್ರಗಳೆಂಥವು? ಒಬ್ಬಳು ಮೋಹದಿಂದ ಕೆಡಿಸುವವಳು, ಒಬ್ಬಳು ಕತ್ತಿಯಿಂದ ಕೊಲ್ಲುವವಳು, ಮತ್ತೊಬ್ಬಳು ದೂರದಿಂದಲೇ ಹಂಬಲಿಸುವವಳು. ಮುದಿ ದೊರೆಗೆ ಮದುವೆಯಾಗಿ ಬಂದ ರತ್ನಾಜಿಯ ಅಳಲನ್ನು ಕೇಳುವ ತಾಳ್ಮೆ ಹಾಡಿಗೆ ಇಲ್ಲ. ಇಬ್ನ್ ಬತೂತ ಹೇಳುವ, ಗಂಧ ಪೂಸಿಕೊಂಡು ಬೆಂಕಿಗೆ ನಡೆದ ಹೆಂಗಸರಲ್ಲಿ ಒಬ್ಬರ ಹೆಸರನ್ನೂ ಅವನು ಕೊಡುವುದಿಲ್ಲ. ಅವರ ಹೆಸರಿನಲ್ಲಿ ಮರದ ತಲೆ ಕೊರೆದವರೂ ಇಲ್ಲ.

ಕಂಪಿಲನ ಮಕ್ಕಳ ಬಗ್ಗೆಯೂ ಆ ಪ್ರವಾಸಿ ಬರೆದ ಮಾತು ಹಾಡಿಗಿಂತ ಬೇರೆ. ಕೋಟೆ ಬಿದ್ದಾಗ ರಾಯನ ಹನ್ನೊಂದು ಗಂಡುಮಕ್ಕಳು ಸೆರೆಸಿಕ್ಕರು, ಎಲ್ಲರೂ ಇಸ್ಲಾಮಿಗೆ ಸೇರಿದರು ಎನ್ನುತ್ತಾನೆ. ಅವರ ವಂಶದ ಹಿರಿಮೆಯನ್ನೂ ತಂದೆಯ ನಡತೆಯನ್ನೂ ಮೆಚ್ಚಿ ಸುಲ್ತಾನ ಅವರಿಗೆ ಅಮೀರರ ಪದವಿ ಕೊಟ್ಟನಂತೆ. ಕೊಂದವನೇ ಹೀಗೆ ಮೆಚ್ಚಿದ್ದು ಕಂಪಿಲನಿಗೆ ಸಂದ ಮೊದಲ ಹೊಗಳಿಕೆಯೆನ್ನಬೇಕು. ಆ ಮಕ್ಕಳಲ್ಲಿ ಮೂವರನ್ನು ಇಬ್ನ್ ಬತೂತ ಸ್ವತಃ ನೋಡಿದ್ದ. ಕಂಪಿಲಿಯ ಕೊನೆಯ ದಿನದ ಕಥೆ ಅವನಿಗೆ ಅವರಿಂದಲೇ ತಿಳಿದಿರಬಹುದು. ನಸ್ರ್, ಬಖ್ತಿಯಾರ್ ಎಂಬುವರು ಇಬ್ಬರು. ಮೂರನೆಯವನು ಸುಲ್ತಾನ ಕುಡಿಯುವ ನೀರಿನ ಪಾತ್ರೆಗೆ ಮುದ್ರೆ ಒತ್ತುವ ಕೆಲಸದವನು. ವಿಷ ಬೆರೆಯದಂತೆ ಕಾಯುವ ಅಂಥ ಕೆಲಸವನ್ನು ಸುಲ್ತಾನ ತಾನು ಅಳಿಸಿದ ಮನೆಯ ಮಗನ ಕೈಗೆ ಕೊಟ್ಟಿದ್ದ. ದೆಹಲಿಯಲ್ಲಿ ಅವನನ್ನು ಅಬೂ ಮುಸ್ಲಿಂ ಎಂದು ಕರೆಯುತ್ತಿದ್ದರು. ತನಗೂ ಅವನಿಗೂ ಗೆಳೆತನವಿತ್ತೆಂದು ಪ್ರವಾಸಿ ಬರೆಯುತ್ತಾನೆ. ತುಂಗಭದ್ರೆಯ ದಂಡೆಯಲ್ಲಿದ್ದಾಗ ಅವನ ಹೆಸರು ಏನಾಗಿತ್ತೆಂಬುದನ್ನು ಮಾತ್ರ ಬರೆದಿಡಲಿಲ್ಲ.